ಕಾಲೇಜು ಆಟಗಾರರಿಗೆ ಹಣ ಕೊಡಬೇಕೆ? ಕ್ರೀಡಾ ವಕೀಲೆಯೊಂದಿಗೆ ಪ್ರಶ್ನೋತ್ತರ

ಎಲ್ಲರಿಗೂ ನಮಸ್ಕಾರ. ಅಮೆರಿಕದ ಕಾಲೇಜು ಕ್ರೀಡೆಯಲ್ಲಿ ಮಕ್ಕಳಿರುವ ಅಥವಾ ಮಕ್ಕಳನ್ನು ಸೇರಿಸಬೇಕೆಂದಿರುವ ಕನ್ನಡ ಪೋಷಕರು ಈ ಗುಂಪಿನಲ್ಲಿ ಬಹಳ ಮಂದಿ ಇದ್ದೀರಿ. ನಾನು ಹಿಂದೆ ಒಂದು ವಿಶ್ವವಿದ್ಯಾಲಯದ ಕ್ರೀಡಾ ವಿಭಾಗದಲ್ಲಿ ನಿಯಮಪಾಲನೆಯ ಕೆಲಸ ನೋಡಿಕೊಳ್ಳುತ್ತಿದ್ದೆ. ಈಗ ಆಟಗಾರರ ಪರವಾಗಿ ಒಪ್ಪಂದಗಳನ್ನು ನೋಡುವ ವಕೀಲೆ. ನನ್ನ ನಿಲುವನ್ನು ಮೊದಲೇ ಹೇಳಿಬಿಡುತ್ತೇನೆ: ಯಾರ ದುಡಿಮೆಯಿಂದ ಹಣ ಹುಟ್ಟುತ್ತದೆಯೋ ಅವರಿಗೆ ಅದರಲ್ಲಿ ಪಾಲು ಸಿಗಬೇಕು. ಕೇಳಿ.

ಪ್ರಶ್ನೆ (ಡಲ್ಲಾಸ್‌ನ ಒಬ್ಬ ತಾಯಿ): ಮೇಡಂ, ಮಗ ಪ್ರೌಢಶಾಲೆಯಲ್ಲಿ ಅಮೆರಿಕನ್ ಫುಟ್‌ಬಾಲ್ ಆಡುತ್ತಾನೆ. ನಾವು ಈ ದೇಶಕ್ಕೆ ಬಂದಾಗ, ಕಾಲೇಜು ಆಟಗಾರ ಯಾರಿಂದಲಾದರೂ ಹಣ ಮುಟ್ಟಿದರೆ ತಂಡದಿಂದ ಹೊರಗೆ ಎನ್ನುತ್ತಿದ್ದರು. ಈಗ ನೋಡಿದರೆ ಹತ್ತೊಂಬತ್ತರ ಹುಡುಗರಿಗೆ ಲಕ್ಷಗಟ್ಟಲೆ ಡಾಲರ್ ಬರುತ್ತಿದೆ. ನಡುವೆ ಆದದ್ದೇನು?

ಉತ್ತರ: ಎನ್‌ಸಿಎಎಗೆ ನ್ಯಾಯಾಲಯದಲ್ಲಿ ಒಂದಾದ ಮೇಲೊಂದು ಸೋಲು ಆಯಿತು. ಕಾಲೇಜು ಕ್ರೀಡೆಯನ್ನು ಆಳುವ ಸಂಸ್ಥೆ ಅದು. ಎಡ್ ಓಬ್ಯಾನನ್ 1995ರಲ್ಲಿ ಲಾಸ್ ಏಂಜಲೀಸ್‌ನ ಯುಸಿಎಲ್‌ಎ ವಿಶ್ವವಿದ್ಯಾಲಯದ ಬ್ಯಾಸ್ಕೆಟ್‌ಬಾಲ್ ತಂಡವನ್ನು ರಾಷ್ಟ್ರೀಯ ಚಾಂಪಿಯನ್ ಮಾಡಿದವರು. ವರ್ಷಗಳ ನಂತರ ಒಂದು ವಿಡಿಯೊ ಗೇಮಿನಲ್ಲಿ ಅವರು ತಮ್ಮನ್ನೇ ಕಂಡರು: ಅದೇ ಮೈಕಟ್ಟು, ಅದೇ ಜೆರ್ಸಿ ಸಂಖ್ಯೆ, ಅದೇ ಎಡಗೈ ಆಟ. ಆ ಗೇಮಿನಿಂದ ಅವರಿಗೆ ಒಂದು ಡಾಲರೂ ಬಂದಿರಲಿಲ್ಲ. 2009ರಲ್ಲಿ ದಾವೆ ಹೂಡಿದರು. ಎನ್‌ಸಿಎಎ ನಿಯಮಗಳು ಸ್ಪರ್ಧಾ ಕಾನೂನನ್ನು ಮುರಿಯುತ್ತವೆ ಎಂದು 2014ರಲ್ಲಿ ನ್ಯಾಯಾಧೀಶೆ ಕ್ಲೌಡಿಯಾ ವಿಲ್ಕೆನ್ ತೀರ್ಪು ಕೊಟ್ಟರು.

2019ರಲ್ಲಿ ಕ್ಯಾಲಿಫೋರ್ನಿಯಾ ತನ್ನದೇ ಕಾನೂನು ತಂದು, ಆಟಗಾರರು ತಮ್ಮ ಹೆಸರು ಮತ್ತು ಚಿತ್ರದಿಂದ ಗಳಿಸುವುದನ್ನು ಕಾಲೇಜುಗಳು ತಡೆಯುವಂತಿಲ್ಲ ಎಂದಿತು. 2021ರ ಜೂನ್‌ನಲ್ಲಿ ಆಲ್‌ಸ್ಟನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಒಂಬತ್ತೂ ನ್ಯಾಯಮೂರ್ತಿಗಳು ಎನ್‌ಸಿಎಎ ವಿರುದ್ಧ ನಿಂತರು. ತೀರ್ಪಿನ ವ್ಯಾಪ್ತಿ ಸಣ್ಣದು, ಓದಿಗೆ ಸಂಬಂಧಿಸಿದ ಸವಲತ್ತುಗಳಿಗೆ ಮಾತ್ರ. ಆದರೆ ನ್ಯಾಯಮೂರ್ತಿ ಕ್ಯಾವನಾ ಪ್ರತ್ಯೇಕವಾಗಿ ಬರೆದ ಅಭಿಪ್ರಾಯ ಗೋಡೆಯನ್ನೇ ಅಲುಗಿಸಿತು. ನೌಕರರಿಗೆ ನ್ಯಾಯವಾದ ಬೆಲೆ ಕೊಡುವುದಿಲ್ಲವೆಂದು ತಮ್ಮತಮ್ಮಲ್ಲೇ ಮಾತಾಡಿಕೊಂಡು ಅಮೆರಿಕದಲ್ಲಿ ಬೇರೆ ಯಾವ ಉದ್ಯಮವೂ ದಕ್ಕಿಸಿಕೊಳ್ಳಲಾರದು ಎಂಬುದು ಅದರ ಸಾರ. ಅದೇ ವರ್ಷದ ಜುಲೈ 1ರಿಂದ ಎನ್‌ಐಎಲ್ ಶುರುವಾಯಿತು. ಆಟಗಾರ ತನ್ನ ಹೆಸರು, ಚಿತ್ರ, ವ್ಯಕ್ತಿತ್ವವನ್ನು ಜಾಹೀರಾತಿಗೆ ಕೊಟ್ಟು ಹಣ ಪಡೆಯುವ ಹಕ್ಕು ಅದು.

ಇದಾದ ಮೇಲೆ, ಆಟಗಾರರು ಎನ್‌ಸಿಎಎ ವಿರುದ್ಧ ಹೂಡಿದ್ದ ಹೌಸ್ ಪ್ರಕರಣದ ರಾಜಿ ಬಂತು. ಅದನ್ನು ಅದೇ ವಿಲ್ಕೆನ್ 2025ರ ಜೂನ್ 6ರಂದು ಅಂಗೀಕರಿಸಿದರು. ಹಳೆಯ ಆಟಗಾರರಿಗೆ ಹತ್ತು ವರ್ಷಗಳಲ್ಲಿ ಸುಮಾರು 2.8 ಶತಕೋಟಿ ಡಾಲರ್ ಪರಿಹಾರ ಸಲ್ಲಬೇಕು. ಜೊತೆಗೆ 2025ರ ಜುಲೈಯಿಂದ ಕಾಲೇಜೇ ಆಟಗಾರರಿಗೆ ನೇರವಾಗಿ ಹಣ ಕೊಡಬಹುದು. ಮೊದಲ ವರ್ಷ ಒಂದು ಕಾಲೇಜಿಗೆ ಗರಿಷ್ಠ ಮಿತಿ ಸುಮಾರು 2.05 ಕೋಟಿ ಡಾಲರ್.

ಆದ್ದರಿಂದ ನಿಮ್ಮ ಮಗನ ಮುಂದೆ ಮೂರು ಬೇರೆ ಬೇರೆ ಹಣಗಳಿವೆ: ವಿದ್ಯಾರ್ಥಿವೇತನ, ಕಾಲೇಜಿನ ಪಾಲು, ಹೊರಗಿನ ಕಂಪನಿಯ ಎನ್‌ಐಎಲ್. ತರಬೇತುದಾರರು ಒಂದು ಮೊತ್ತ ಹೇಳಿದರೆ ಅದು ಯಾವುದು ಎಂದು ಲಿಖಿತವಾಗಿ ಕೇಳಿ. ಪ್ರೌಢಶಾಲೆಯಲ್ಲಿರುವಾಗ ಹಣ ಪಡೆಯುವ ನಿಯಮ ರಾಜ್ಯದಿಂದ ರಾಜ್ಯಕ್ಕೆ ಬೇರೆ. ಶಾಲೆಯ ಕ್ರೀಡಾ ನಿರ್ದೇಶಕರನ್ನು ಕೇಳದೆ ಯಾವುದಕ್ಕೂ ಸಹಿ ಮಾಡಬೇಡಿ.

ಪ್ರಶ್ನೆ (ಮೈಸೂರಿನ ನಿವೃತ್ತ ದೈಹಿಕ ಶಿಕ್ಷಣ ಶಿಕ್ಷಕರು, ಸದ್ಯ ಮಗನ ಮನೆಯಲ್ಲಿದ್ದಾರೆ): ನಾನು ಇದನ್ನು ಒಪ್ಪಲಾರೆ ತಾಯಿ. ಆಟವನ್ನು ಆಟಕ್ಕಾಗಿ ಆಡಬೇಕು. ಹಣ ಕಂಡ ಕೂಡಲೇ ಮಗುವಿನ ಗಮನ ಕೆಡುತ್ತದೆ, ತಂಡ ಒಡೆಯುತ್ತದೆ. ಉಚಿತವಾಗಿ ಪದವಿ ಸಿಗುತ್ತಿರುವಾಗ ಇನ್ನೇನು ಬೇಕು?

ಉತ್ತರ: ಸರ್, ನಿಮ್ಮಂಥವರು ಸಂಜೆ ಮೈದಾನದಲ್ಲಿ ನಿಂತು ಮಕ್ಕಳಿಗೆ ಆಟ ಕಲಿಸಿದ್ದಕ್ಕೇ ನನ್ನಂಥವರು ಓಟದ ಬೂಟು ಕಟ್ಟಿದೆವು. ನಿಮ್ಮ ಮಾತಿಗೆ ಗೌರವ ಕೊಟ್ಟೇ ಉತ್ತರಿಸುತ್ತೇನೆ.

ಹವ್ಯಾಸಿ ಕ್ರೀಡೆಯ ನಿಯಮ ಹುಟ್ಟಿದ್ದು ಆಟದ ಪ್ರೀತಿಯಿಂದಲ್ಲ. 1860ರ ದಶಕದ ಲಂಡನ್ನಿನಲ್ಲಿ ಅಮೆಚೂರ್ ಅಥ್ಲೆಟಿಕ್ ಕ್ಲಬ್ ಬರೆದ ನಿಯಮವು ಹಣಕ್ಕೆ ಆಡಿದವರ ಜೊತೆಗೆ ಕುಶಲಕರ್ಮಿಗಳನ್ನೂ ಕೂಲಿಕಾರರನ್ನೂ ಸ್ಪರ್ಧೆಯಿಂದ ಹೊರಗಿಟ್ಟಿತು. ಅಪ್ಪನ ಆಸ್ತಿ ಇದ್ದವನು ಪದಕಕ್ಕೆ ಮಾತ್ರ ಆಡಬಲ್ಲ. ಗಾರೆ ಕೆಲಸದವನು ಒಂದು ದಿನದ ಕೂಲಿ ಬಿಟ್ಟು ಓಡಲಾರ. ಆ ಗೆರೆ ಎಳೆದದ್ದು ವರ್ಗಭೇದ. ಅಮೆರಿಕದ ಮೂಲನಿವಾಸಿ ಜಿಮ್ ಥೋರ್ಪ್ 1912ರ ಸ್ಟಾಕ್‌ಹೋಮ್ ಒಲಿಂಪಿಕ್ಸ್‌ನಲ್ಲಿ ಪೆಂಟಾಥ್ಲಾನ್, ಡೆಕಾಥ್ಲಾನ್ ಎರಡರಲ್ಲೂ ಚಿನ್ನ ಗೆದ್ದರು. ಅದಕ್ಕೂ ಮೊದಲು ಪುಡಿಗಾಸಿಗೆ ಬೇಸ್‌ಬಾಲ್ ಆಡಿದ್ದರೆಂದು 1913ರಲ್ಲಿ ಅವರ ಪದಕ ಕಿತ್ತುಕೊಂಡರು. ಏಕೈಕ ವಿಜೇತ ಎಂಬ ಸ್ಥಾನ ಮರಳಿ ಸಿಕ್ಕಿದ್ದು 2022ರಲ್ಲಿ, ಅವರು ತೀರಿಕೊಂಡು 69 ವರ್ಷಗಳ ಮೇಲೆ.

ಕಾಲೇಜು ಕ್ರೀಡೆಯ ಚರಿತ್ರೆಯಲ್ಲಿ ನನ್ನನ್ನು ಹೆಚ್ಚು ಕಲಕುವುದು ರೇ ಡೆನಿಸನ್ ಪ್ರಕರಣ. 1955ರಲ್ಲಿ ಕೊಲರಾಡೊದ ಒಂದು ಕಾಲೇಜಿಗಾಗಿ ಫುಟ್‌ಬಾಲ್ ಆಡುವಾಗ ತಲೆಗೆ ಪೆಟ್ಟುಬಿದ್ದು ಅವರು ಸತ್ತರು. ಕೆಲಸದಲ್ಲಿ ಸತ್ತವರ ಕುಟುಂಬಕ್ಕೆ ಸಿಗುವ ಪರಿಹಾರವನ್ನು ಅವರ ಪತ್ನಿ ಕೇಳಿದರು. ಅವರು ನೌಕರರಲ್ಲ, ಕಾಲೇಜಿಗೆ ಫುಟ್‌ಬಾಲ್ ವ್ಯಾಪಾರವಲ್ಲ ಎಂದು 1957ರಲ್ಲಿ ರಾಜ್ಯದ ಸರ್ವೋಚ್ಚ ನ್ಯಾಯಾಲಯ ಹೇಳಿತು. ಹವ್ಯಾಸ ಎಂಬುದು ಯಾರನ್ನು ಕಾಪಾಡಿತು, ನೀವೇ ಹೇಳಿ.

ಇನ್ನು ಹಣ ಬಂದರೆ ಆಟ ಕೆಡುತ್ತದೆ ಎಂಬ ಮಾತು. ಹಣ ಎಂದೋ ಬಂದಿದೆ, ಸರ್. ಪುರುಷರ ಬ್ಯಾಸ್ಕೆಟ್‌ಬಾಲ್‌ನ ಮಾರ್ಚ್ ಟೂರ್ನಿಯೊಂದರ ಪ್ರಸಾರ ಹಕ್ಕಿನ ಒಪ್ಪಂದ, 2025ರಿಂದ 2032ರವರೆಗಿನದು, 8.8 ಶತಕೋಟಿ ಡಾಲರ್. ಹೆಚ್ಚಿನ ರಾಜ್ಯಗಳಲ್ಲಿ ಸರ್ಕಾರಿ ವೇತನ ಪಟ್ಟಿಯ ತುದಿಯಲ್ಲಿರುವವರು ರಾಜ್ಯಪಾಲರಲ್ಲ, ಕಾಲೇಜಿನ ಫುಟ್‌ಬಾಲ್ ಅಥವಾ ಬ್ಯಾಸ್ಕೆಟ್‌ಬಾಲ್ ತರಬೇತುದಾರರು. ಅದೇ ಕ್ರೀಡಾಂಗಣದಲ್ಲಿ 2014ರ ಚಾಂಪಿಯನ್ ತಂಡದ ಶಬಾಜ್ ನೇಪಿಯರ್, ಕೆಲವು ರಾತ್ರಿ ಹಸಿದು ಮಲಗುತ್ತೇನೆ ಎಂದು ವರದಿಗಾರರಿಗೆ ಹೇಳಿದರು. ಆ ಮಾತು ದೇಶವೆಲ್ಲ ಕೇಳಿಸಿಕೊಂಡ ಮೇಲಷ್ಟೇ ಊಟದ ಮೇಲಿದ್ದ ಮಿತಿಯನ್ನು ಎನ್‌ಸಿಎಎ ತೆಗೆಯಿತು. ಇಡೀ ಅಂಗಳದಲ್ಲಿ ಆಟವನ್ನು ಆಟಕ್ಕಾಗಿ ಮಾತ್ರ ಆಡಬೇಕೆಂದು ಕಡ್ಡಾಯ ಮಾಡಿದ್ದು ಬೆವರು ಸುರಿಸುವವರಿಗೆ ಮಾತ್ರ.

ಅದೇ ಶಿಕ್ಷಕರ ಮರುಪ್ರಶ್ನೆ: ಥೋರ್ಪ್ ಕತೆ ನನಗೆ ಗೊತ್ತಿರಲಿಲ್ಲ. ಆದರೂ ಪದವಿಯ ಬೆಲೆಯನ್ನು ನೀವು ಕಡಿಮೆ ಮಾಡುತ್ತಿದ್ದೀರಿ ಎನಿಸುತ್ತದೆ.

ಉತ್ತರ: ನಿಜವಾದ ಪದವಿ ಸಿಕ್ಕರೆ ಅದಕ್ಕೆ ಬೆಲೆ ಕಟ್ಟಲಾಗದು ಸರ್, ಅದರಲ್ಲಿ ಎರಡು ಮಾತಿಲ್ಲ. ಆದರೆ ತರಬೇತಿಗೆ ವಾರಕ್ಕೆ 20 ಗಂಟೆ ಮೀರಬಾರದು ಎಂಬ ನಿಯಮ ಕಾಗದದಲ್ಲಿದ್ದರೂ, ಪ್ರಯಾಣ, ಚಿಕಿತ್ಸೆ, ವಿಡಿಯೊ ನೋಡುವುದು, 'ಸ್ವಇಚ್ಛೆಯ' ವ್ಯಾಯಾಮ ಎಲ್ಲ ಸೇರಿ ಅದು 30 ದಾಟುತ್ತದೆ ಎಂದು ಎನ್‌ಸಿಎಎಯ ಸ್ವಂತ ಸಮೀಕ್ಷೆಗಳೇ ತೋರಿಸಿವೆ. ಮಧ್ಯಾಹ್ನದ ಪ್ರಯೋಗಾಲಯ ತರಗತಿ ಇರುವ ವಿಷಯ ತೆಗೆದುಕೊಳ್ಳಬೇಡ ಎಂದು ಹೇಳಿಸಿಕೊಂಡ ಮಕ್ಕಳನ್ನು ನಾನು ನೋಡಿದ್ದೇನೆ. ನಾರ್ತ್ ಕ್ಯಾರೊಲಿನಾ ವಿಶ್ವವಿದ್ಯಾಲಯದಲ್ಲಿ ಸುಮಾರು 18 ವರ್ಷ ಪಾಠವೇ ನಡೆಯದ ಕೋರ್ಸುಗಳು ನಡೆದವು. 3,100ಕ್ಕೂ ಹೆಚ್ಚು ವಿದ್ಯಾರ್ಥಿಗಳು ಅವುಗಳಲ್ಲಿದ್ದರು, ಅರ್ಧದಷ್ಟು ಜನ ಆಟಗಾರರು. ಅದು ಬಯಲಾದ ಮೇಲೂ 2017ರಲ್ಲಿ ಎನ್‌ಸಿಎಎ ಶಿಕ್ಷೆ ಕೊಡಲಿಲ್ಲ. ಆ ಕೋರ್ಸುಗಳು ಇತರ ವಿದ್ಯಾರ್ಥಿಗಳಿಗೂ ತೆರೆದಿದ್ದವು ಎಂಬುದು ಕಾರಣ. ಓದನ್ನೇ ಸಂಬಳವೆಂದು ತೋರಿಸುವವರು ಆ ಸಂಬಳವನ್ನಾದರೂ ಪೂರ್ತಿ ಕೊಡಬೇಕಿತ್ತು.

ಪ್ರಶ್ನೆ (ಕ್ಯಾಲಿಫೋರ್ನಿಯಾದ ಒಬ್ಬ ತಂದೆ): ನನ್ನ ಮಗಳು ಈಜುಗಾರ್ತಿ. ಆ 2.05 ಕೋಟಿಯಲ್ಲಿ ಅವಳಿಗೆ ಏನಾದರೂ ಬರುತ್ತದೆಯೆ?

ಉತ್ತರ: ಬಹುತೇಕ ಇಲ್ಲ, ಅಥವಾ ಅತ್ಯಲ್ಪ. ದೊಡ್ಡ ಕಾಲೇಜುಗಳಲ್ಲಿ ಚಾಲ್ತಿಯಲ್ಲಿರುವ ಹಂಚಿಕೆ ಸ್ಥೂಲವಾಗಿ ಹೀಗಿದೆ: ಫುಟ್‌ಬಾಲ್‌ಗೆ 75 ಶೇಕಡ, ಪುರುಷರ ಬ್ಯಾಸ್ಕೆಟ್‌ಬಾಲ್‌ಗೆ 15, ಮಹಿಳೆಯರ ಬ್ಯಾಸ್ಕೆಟ್‌ಬಾಲ್‌ಗೆ 5, ಉಳಿದ ಎಲ್ಲ ಆಟಗಳಿಗೂ ಸೇರಿ 5. ಪ್ರಕರಣಕ್ಕೆ ಹೆಸರು ಕೊಟ್ಟ ಗ್ರಾಂಟ್ ಹೌಸ್ ಈಜುಗಾರರೇ ಆಗಿದ್ದರು ಎಂಬುದು ನನಗೆ ನೋವಿನ ಸಂಗತಿ.

ಇಲ್ಲಿ ನಾನು, ಆಟಗಾರರಿಗೆ ಹಣ ಸಿಗಬೇಕೆನ್ನುವ ನಮ್ಮ ಕಡೆಯವರನ್ನೇ ಟೀಕಿಸುತ್ತೇನೆ. 1972ರ ಟೈಟಲ್ 9 ಕಾನೂನಿನಂತೆ, ಕೇಂದ್ರದ ಅನುದಾನ ಪಡೆಯುವ ಶಿಕ್ಷಣ ಸಂಸ್ಥೆ ಲಿಂಗದ ಆಧಾರದ ಮೇಲೆ ತಾರತಮ್ಯ ಮಾಡುವಂತಿಲ್ಲ. ಈ ಹೊಸ ಹಣಕ್ಕೂ ಅದು ಅನ್ವಯಿಸುತ್ತದೆ ಎಂದು ಶಿಕ್ಷಣ ಇಲಾಖೆ 2025ರ ಜನವರಿಯಲ್ಲಿ ಹೇಳಿತು. ಸರ್ಕಾರ ಬದಲಾಗಿ, ಫೆಬ್ರವರಿಯಲ್ಲಿ ಅದೇ ಇಲಾಖೆ ಆ ಮಾತನ್ನು ಹಿಂದಕ್ಕೆ ಪಡೆಯಿತು. ಹಳೆಯ ಪರಿಹಾರದ ಹಂಚಿಕೆಯನ್ನು ಪ್ರಶ್ನಿಸಿ ಆಟಗಾರ್ತಿಯರು ಮೇಲ್ಮನವಿ ಸಲ್ಲಿಸಿದರು. ಮಹಿಳೆಯರ ಪಂದ್ಯಗಳ ಪ್ರಸಾರ ಹಕ್ಕನ್ನು ದಶಕಗಳ ಕಾಲ ಅಗ್ಗಕ್ಕೆ ಮಾರಿ, ಈಗ ನಿಮ್ಮ ಆಟಕ್ಕೆ ಮಾರುಕಟ್ಟೆಯಿಲ್ಲ ಎನ್ನುವುದು ಅನ್ಯಾಯ. ಅಯೋವಾದ ಕೇಟ್ಲಿನ್ ಕ್ಲಾರ್ಕ್ ಆಡಿದ 2024ರ ಫೈನಲ್ ಪಂದ್ಯವನ್ನು ಪುರುಷರ ಫೈನಲ್‌ಗಿಂತ ಹೆಚ್ಚು ಜನ ನೋಡಿದರು.

ಮಗಳ ವಿಷಯದಲ್ಲಿ ನೀವು ಕೇಳಬೇಕಾದ್ದು ಹಣಕ್ಕಿಂತ ಮೊದಲು ಜಾಗ. ರಾಜಿಯಂತೆ ಹಣ ಹಂಚಿಕೊಳ್ಳುವ ಕಾಲೇಜುಗಳಲ್ಲಿ ವಿದ್ಯಾರ್ಥಿವೇತನಗಳ ಸಂಖ್ಯೆಗಿದ್ದ ಮಿತಿ ಹೋಗಿ, ತಂಡದಲ್ಲಿ ಎಷ್ಟು ಜನ ಇರಬಹುದು ಎಂಬ ಮಿತಿ ಬಂದಿದೆ. ಈಜು ತಂಡದಲ್ಲಿ ಎಷ್ಟು ಸ್ಥಾನವಿದೆ, ಅವಳದು ಖಚಿತವೆ, ತಂಡವನ್ನೇ ಮುಚ್ಚುವ ಮಾತು ನಡೆಯುತ್ತಿದೆಯೆ, ಇವನ್ನು ಮುಖಕ್ಕೆ ಮುಖ ಕೊಟ್ಟು ಕೇಳಿ.

ಪ್ರಶ್ನೆ (ನ್ಯೂಜೆರ್ಸಿಯ ಒಬ್ಬ ತಂದೆ): ನಾನು ಎಚ್-1ಬಿ ಕೆಲಸದ ವೀಸಾದಲ್ಲಿದ್ದೇನೆ, ಮಗಳು ಅವಲಂಬಿತರ ಎಚ್-4 ವೀಸಾದಲ್ಲಿ. ಗ್ರೀನ್ ಕಾರ್ಡ್ ಸಾಲಿನಲ್ಲಿ ವರ್ಷಗಳಿಂದ ಇದ್ದೇವೆ. ಕಾಲೇಜು ಟೆನಿಸ್ ತಂಡದಲ್ಲಿದ್ದಾಳೆ. ಸ್ಥಳೀಯ ಅಂಗಡಿಯವರು ಅವಳ ಇನ್‌ಸ್ಟಾಗ್ರಾಂನಲ್ಲಿ ತಮ್ಮ ರ‍್ಯಾಕೆಟ್ ತೋರಿಸಿದರೆ ತಿಂಗಳಿಗೆ 300 ಡಾಲರ್ ಕೊಡುತ್ತೇವೆ ಎನ್ನುತ್ತಾರೆ. ಜೊತೆಯವರೆಲ್ಲ ಮಾಡುತ್ತಿದ್ದಾರೆ.

ಉತ್ತರ: ದಯವಿಟ್ಟು ಮಾಡಬೇಡಿ. ಈ ಗುಂಪಿನಲ್ಲಿ ಎಲ್ಲರೂ ಓದಬೇಕಾದ ಉತ್ತರ ಇದೇ. ಎನ್‌ಸಿಎಎ ಒಪ್ಪಿದರೂ ವಲಸೆ ಕಾನೂನು ಒಪ್ಪುವುದಿಲ್ಲ. ಎಚ್-4 ಮಗುವಿಗೆ ಕೆಲಸ ಮಾಡುವ ಅನುಮತಿಯೇ ಇಲ್ಲ. ಅವಳು 21 ತುಂಬಿ ವಿದ್ಯಾರ್ಥಿ ವೀಸಾ ಎಫ್-1ಗೆ ಬದಲಾದರೂ ತೊಂದರೆ ತಪ್ಪದು. ಎಫ್-1ನಲ್ಲಿ ಅನುಮತಿ ಇಲ್ಲದ ದುಡಿಮೆ ವೀಸಾ ಸ್ಥಿತಿಯನ್ನೇ ಮುರಿಯುತ್ತದೆ. ಚಿತ್ರೀಕರಣ, ಪೋಸ್ಟ್ ಹಾಕುವುದು, ಅಭಿಮಾನಿಗಳಿಗೆ ಹಸ್ತಾಕ್ಷರ ಕೊಡಲು ಅಂಗಡಿಗೆ ಹೋಗುವುದು ಎಲ್ಲವನ್ನೂ ದುಡಿಮೆ ಎಂದು ನೋಡುವ ಸಾಧ್ಯತೆ ಇದೆ. ಹಣದ ಬದಲು ರ‍್ಯಾಕೆಟ್ ಕೊಟ್ಟರೂ ಅಷ್ಟೇ. 300 ಡಾಲರ್‌ಗಾಗಿ ಇಷ್ಟು ವರ್ಷ ಕಾದ ಸಾಲನ್ನು ಪಣಕ್ಕಿಡಬೇಡಿ.

ಅವಳದೇ ತಂಡದ, ಇಲ್ಲಿ ಹುಟ್ಟಿದ ಹುಡುಗಿಗೆ ಇರುವ ಹಕ್ಕು ನಿಮ್ಮ ಮಗಳಿಗೆ ಇಲ್ಲ. ಸಾವಿರಾರು ವಿದೇಶಿ ಆಟಗಾರರ ಸ್ಥಿತಿ ಇದು. ಈ ಅನ್ಯಾಯದ ಬಗ್ಗೆ ಮಾತಾಡುವವರು ತೀರ ಕಡಿಮೆ.

ಅದೇ ತಂದೆ: ರಜೆಗೆ ಬೆಂಗಳೂರಿಗೆ ಹೋದಾಗ ಅಲ್ಲಿ ಚಿತ್ರೀಕರಿಸಿದರೆ?

ಉತ್ತರ: ಆ ದಾರಿ ಹಿಡಿದವರಿದ್ದಾರೆ. ಕಾಂಗೊ ದೇಶದ ಆಸ್ಕರ್ ಚೀಬ್ವೆ ಕೆಂಟಕಿ ತಂಡದಲ್ಲಿದ್ದಾಗ, 2022ರಲ್ಲಿ ತಂಡದ ಬಹಾಮಾಸ್ ಪ್ರವಾಸದ ವೇಳೆ ಜಾಹೀರಾತು ಕೆಲಸ ಮುಗಿಸಿಕೊಂಡರು. ಕೆಲಸ ಪೂರ್ತಿಯಾಗಿ ಅಮೆರಿಕದ ಹೊರಗೆ ನಡೆದರೆ ವಾದಕ್ಕೆ ಬಲ ಬರುತ್ತದೆ. ಆದರೆ ಇಲ್ಲಿಗೆ ಮರಳಿ ಒಂದು ಪೋಸ್ಟ್ ಹಾಕಿದರೂ ಆ ಬಲ ಕುಸಿಯಬಹುದು. ಕ್ರೀಡಾ ವಕೀಲರಲ್ಲ, ವಲಸೆ ವಕೀಲರು ಆ ಒಪ್ಪಂದವನ್ನು ಓದಬೇಕು. ಕಾಲೇಜಿನ ವಿದೇಶಿ ವಿದ್ಯಾರ್ಥಿಗಳ ಕಚೇರಿಗೂ ಮೊದಲೇ ತಿಳಿಸಿ.

ಪ್ರಶ್ನೆ (ಬೆಂಗಳೂರಿನ ಟೆನಿಸ್ ಆಟಗಾರ, 17 ವರ್ಷ): ಮೇಡಂ, ಐಟಿಎಫ್ (ಅಂತರರಾಷ್ಟ್ರೀಯ ಟೆನಿಸ್ ಒಕ್ಕೂಟ) ಟೂರ್ನಿಗಳಲ್ಲಿ ಬಹುಮಾನದ ಹಣ ತೆಗೆದುಕೊಂಡರೆ ಅಮೆರಿಕದ ಕಾಲೇಜಿಗೆ ಅನರ್ಹನಾಗುತ್ತೇನೆಯೆ?

ಉತ್ತರ: ಪ್ರತಿ ಟೂರ್ನಿಯ ಬಹುಮಾನ, ಪ್ರಯಾಣ, ವಸತಿ, ತರಬೇತುದಾರರ ಖರ್ಚು, ಎಲ್ಲದರ ರಸೀದಿ ಇಟ್ಟುಕೊಳ್ಳಪ್ಪ. ಟೆನಿಸ್‌ನಲ್ಲಿ ಬಹುಕಾಲ ಇದ್ದ ನಿಯಮದಂತೆ, ಕಾಲೇಜು ಸೇರುವ ಮುಂಚೆ ವರ್ಷಕ್ಕೆ 10,000 ಡಾಲರ್‌ವರೆಗೆ ಬಹುಮಾನ ಪಡೆಯಬಹುದಿತ್ತು. ಅದಕ್ಕೆ ಮೀರಿದ್ದನ್ನು ನಿಜವಾದ ಖರ್ಚಿಗೆ ಮಾತ್ರ. ನಾರ್ತ್ ಕ್ಯಾರೊಲಿನಾದ ಆಟಗಾರ್ತಿ ರೀಸ್ ಬ್ರಾಂಟ್‌ಮೈಯರ್ ತಮ್ಮ ಯುಎಸ್ ಓಪನ್ ಬಹುಮಾನದ ಬಹುಪಾಲು ಬಿಡಬೇಕಾಗಿ ಬಂದು 2024ರಲ್ಲಿ ದಾವೆ ಹೂಡಿದರು. ನಿಯಮ ಬದಲಾಗುತ್ತಿರುವ ಹೊತ್ತಿದು, ಆದ್ದರಿಂದ ನೀನು ಸೇರುವ ವರ್ಷದ ನಿಯಮವನ್ನೇ ಓದು. ಈ ದಾರಿಯಲ್ಲಿ ನಿನಗಿಂತ ಮುಂದೆ ನಡೆದವರಿದ್ದಾರೆ. ಮಹೇಶ್ ಭೂಪತಿ ಮಿಸಿಸಿಪಿ ವಿಶ್ವವಿದ್ಯಾಲಯದ ಪರವಾಗಿ 1995ರ ಎನ್‌ಸಿಎಎ ಡಬಲ್ಸ್ ಪ್ರಶಸ್ತಿ ಗೆದ್ದರು. ಸೋಮದೇವ್ ದೇವವರ್ಮನ್ ವರ್ಜೀನಿಯಾ ಪರ 2007 ಮತ್ತು 2008ರಲ್ಲಿ ಸಿಂಗಲ್ಸ್ ಗೆದ್ದರು.

ಪ್ರಶ್ನೆ (ಮೊದಲು ಕೇಳಿದ ಡಲ್ಲಾಸ್‌ನ ತಾಯಿ): ಮಗನಿಗೆ ಒಬ್ಬ ಏಜೆಂಟ್ ಈಗಲೇ ಫೋನ್ ಮಾಡುತ್ತಿದ್ದಾನೆ. ಸಹಿ ಮಾಡುವ ಮೊದಲು ಏನು ನೋಡಬೇಕು? ತೆರಿಗೆ ಹೇಗೆ?

ಉತ್ತರ: ಅವಧಿ ಮತ್ತು ಕಮಿಷನ್. ವೃತ್ತಿಪರ ಫುಟ್‌ಬಾಲ್‌ನಲ್ಲಿ ಆಟಗಾರರ ಸಂಘವು ಏಜೆಂಟರ ಕಮಿಷನ್ನಿಗೆ 3 ಶೇಕಡ ಮಿತಿ ಹಾಕಿದೆ. ಕಾಲೇಜು ಆಟಗಾರರಿಗೆ ಸಂಘವೇ ಇಲ್ಲ, ಮಿತಿಯೂ ಇಲ್ಲ. ಫ್ಲೋರಿಡಾದ ಜೆರ್ವಾನ್ ಡೆಕ್ಸ್‌ಟರ್ 2022ರಲ್ಲಿ 4,36,485 ಡಾಲರ್ ಪಡೆದು, ಮುಂದಿನ 25 ವರ್ಷ ವೃತ್ತಿಪರ ಲೀಗ್‌ನಲ್ಲಿ ಗಳಿಸುವುದರಲ್ಲಿ 15 ಶೇಕಡ ಕೊಡುವುದಾಗಿ ಸಹಿ ಮಾಡಿದ್ದರು; ಮರುವರ್ಷ ಅದನ್ನು ರದ್ದುಪಡಿಸಲು ನ್ಯಾಯಾಲಯಕ್ಕೆ ಹೋಗಬೇಕಾಯಿತು. ಆಟಗಾರರು ನೌಕರರೆಂದು ಒಪ್ಪಿ, ಸಂಘ ಕಟ್ಟಲು ಬಿಟ್ಟರೆ ಮಾತ್ರ ಇಂಥದ್ದು ನಿಲ್ಲುತ್ತದೆ ಎಂಬುದು ನನ್ನ ದೃಢ ಅಭಿಪ್ರಾಯ. ಡಾರ್ಟ್‌ಮತ್ ಕಾಲೇಜಿನ ಬ್ಯಾಸ್ಕೆಟ್‌ಬಾಲ್ ತಂಡ 2024ರ ಮಾರ್ಚ್‌ನಲ್ಲಿ 13-2 ಮತಗಳಿಂದ ಸಂಘಕ್ಕೆ ಒಪ್ಪಿತ್ತು. ಕಾಲೇಜು ಮಾತುಕತೆಗೆ ಕೂರಲಿಲ್ಲ. ಇಂಥ ಅರ್ಜಿಗಳನ್ನು ತೀರ್ಮಾನಿಸುವ ಕೇಂದ್ರ ಕಾರ್ಮಿಕ ಮಂಡಳಿಯ ರಾಜಕೀಯ ಬದಲಾಗುವುದು ಖಚಿತವಾದಾಗ, ವರ್ಷದ ಕೊನೆಗೆ ಸಂಘದವರು ತಮ್ಮ ಅರ್ಜಿ ಹಿಂದಕ್ಕೆ ಪಡೆದರು.

ತೆರಿಗೆ: ಎನ್‌ಐಎಲ್ ಹಣದಲ್ಲಿ ಯಾರೂ ತೆರಿಗೆ ಕಡಿದು ಕೊಡುವುದಿಲ್ಲ. ಅದು ಸ್ವಂತ ಉದ್ಯೋಗದ ಆದಾಯ. ಖರ್ಚು ಕಳೆದು 400 ಡಾಲರ್ ದಾಟಿದರೆ ಆದಾಯ ತೆರಿಗೆಯ ಜೊತೆಗೆ 15.3 ಶೇಕಡದ ಸ್ವಉದ್ಯೋಗ ತೆರಿಗೆಯೂ ಬರುತ್ತದೆ. ವಿದ್ಯಾರ್ಥಿವೇತನದಲ್ಲಿ ಬೋಧನಾ ಶುಲ್ಕಕ್ಕೆ ತೆರಿಗೆಯಿಲ್ಲ, ಊಟ ಮತ್ತು ವಸತಿಯ ಭಾಗಕ್ಕಿದೆ. ಬಂದ ಹಣದಲ್ಲಿ ಮೂರನೇ ಒಂದು ಭಾಗವನ್ನು ಬೇರೆ ಖಾತೆಗೆ ಹಾಕಿಡಿ, ಮೂರು ತಿಂಗಳಿಗೊಮ್ಮೆಯ ಮುಂಗಡ ತೆರಿಗೆ ಕಟ್ಟಿ. ಏಜೆಂಟ್ ಕಳಿಸಿದ ಒಪ್ಪಂದದ ಪ್ರತಿಯನ್ನು ಗುಂಪಿನಲ್ಲಿ ಹಾಕಬೇಡಿ, ಮಗನ ವಿವರಗಳಿರುತ್ತವೆ. ನನಗೆ ಖಾಸಗಿಯಾಗಿ ಕಳಿಸಿ, ಓದಿ ಹೇಳುತ್ತೇನೆ.