ಫ್ರೀಜರ್‌ನಲ್ಲಿಟ್ಟ ರಾಗಿ ಗಂಜಿ ನೀರು ಬಿಡುತ್ತಿದೆ, ಏನು ಮಾಡಲಿ?

ಪ್ರಶ್ನೆ:
ಭಾನುವಾರವೇ ಐದು ದಿನಕ್ಕಾಗುವಷ್ಟು ರಾಗಿ ಗಂಜಿ ಕಾಯಿಸಿ ಫ್ರೀಜರ್‌ಗೆ ಹಾಕಿದ್ದೆ. 1 ಲೋಟ ಹಿಟ್ಟಿಗೆ 8 ಲೋಟ ನೀರು, ಇಳಿಸಿದ ಮೇಲೆ ಉಪ್ಪು, ಮಜ್ಜಿಗೆ. ಬಿಸಿ ಮಾಡಿದರೆ ಮೇಲೆ ನೀರು, ತಳದಲ್ಲಿ ತರಿ, ಮಜ್ಜಿಗೆಯೂ ಒಡೆದಿದೆ. ತಪ್ಪು ಎಲ್ಲಾಯಿತು?

ಉತ್ತರ 1:
ಮಜ್ಜಿಗೆ ಹಾಕಿ ಇಟ್ಟದ್ದೇ ಮೊದಲ ತಪ್ಪು. ಅದು ಕುದಿ ತಡೆಯುವುದಿಲ್ಲ, ಕುಡಿಯುವ ಮುಂಚೆ ಬೆರೆಸಬೇಕು. ಬೆಲ್ಲ, ಹಾಲು ಹಾಕುವವರೂ ಹಾಗೇ ಮಾಡಲಿ.

ನೀರು ಬಿಡುವುದಕ್ಕೆ ಕಾರಣ ಪಿಷ್ಟ. ಬೇಯುವಾಗ ನೀರು ಹೀರಿ ಉಬ್ಬಿದ ಪಿಷ್ಟ, ತಣ್ಣಗಾದಾಗ ಬಿಗಿದುಕೊಂಡು ಆ ನೀರನ್ನು ಹಿಂಡಿ ಹೊರಗೆ ಹಾಕುತ್ತದೆ. ಹೆಪ್ಪುಗಟ್ಟಿ ಕರಗಿದಾಗ ಇದು ಇನ್ನೂ ಜಾಸ್ತಿ. ಪೂರ್ತಿ ತಪ್ಪಿಸಲಾಗದು, ಆದರೆ ಗಂಜಿ ಕೆಟ್ಟಿದೆ ಎಂದಲ್ಲ. 1 ಲೋಟ ಹಿಟ್ಟಿಗೆ 4 ಲೋಟ ನೀರಷ್ಟೇ ಹಾಕಿ ಗಟ್ಟಿಯಾಗಿ ಕಾಯಿಸಿ. ಹಿಟ್ಟನ್ನು ಮೊದಲು ಒಂದು ಲೋಟ ತಣ್ಣೀರಲ್ಲಿ ಕದಡಿ, ಕುದಿಯುವ 3 ಲೋಟಕ್ಕೆ ಸುರಿಯುತ್ತಾ ಕೈಯಾಡಿಸಿ. ಒಣಹಿಟ್ಟು ನೇರ ಬಿಸಿನೀರಿಗೆ ಬಿದ್ದರೆ ಗಂಟು ಖಚಿತ. ಹಸಿ ವಾಸನೆ ಹೋಗುವವರೆಗೆ, ಸುಮಾರು 10 ನಿಮಿಷ, ಸಣ್ಣ ಉರಿಯಲ್ಲಿರಲಿ.

ಮೊಳಕೆ ರಾಗಿ ಹಿಟ್ಟಾದರೆ ಗಂಜಿ ತಾನಾಗೇ ತೆಳ್ಳಗಾಗುತ್ತದೆ, ನೀರು ಇನ್ನೂ ಕಡಿಮೆ ಸಾಕು.

ಉತ್ತರ 2:
ಆರಿಸುವುದರಲ್ಲೇ ಹಲವರು ಎಡವುತ್ತಾರೆ. ಬಿಸಿ ಪಾತ್ರೆ ಮುಚ್ಚಿ ರಾತ್ರಿಯಿಡೀ ಅಡುಗೆಮನೆಯಲ್ಲಿ ಬಿಡಬೇಡಿ. ಅಗಲವಾದ ತಟ್ಟೆಗೆ ಸುರಿದು, ಅದನ್ನು ತಣ್ಣೀರಿನ ಬೋಗುಣಿಯಲ್ಲಿಟ್ಟು ಆರಿಸಿ. 2 ಗಂಟೆಯೊಳಗೆ ಫ್ರೀಜರ್ ಸೇರಬೇಕು. ಒಬ್ಬರಿಗಾಗುವಷ್ಟೇ ಒಂದೊಂದು ಡಬ್ಬಿಗೆ ಹಾಕಿ, ಮೇಲೆ ಒಂದು ಬೆರಳು ಜಾಗ ಬಿಡಿ, ಹೆಪ್ಪುಗಟ್ಟಿದಾಗ ಉಬ್ಬುತ್ತದೆ. ಗಾಜಿನ ಬಾಟಲಿ ಬೇಡ, ಸೀಳುತ್ತದೆ. ಒಂದು ತಿಂಗಳೊಳಗೆ ಮುಗಿಸಿದರೆ ರುಚಿ ಚೆನ್ನ.

ಪ್ರಶ್ನೆ ಕೇಳಿದವರು:
ಬೆಳಿಗ್ಗೆ ನೇರ ಒಲೆಗೆ ಇಡಬಹುದೇ?

ಉತ್ತರ 1:
ಇಡಬಹುದು, ಆದರೆ ತಳ ಹಿಡಿಯುತ್ತದೆ. ರಾತ್ರಿಯೇ ಫ್ರಿಜ್‌ನ ಕೆಳಗಿನ ಅರೆಗೆ ಇಳಿಸಿಡುವುದು ವಾಸಿ. ದಪ್ಪ ತಳದ ಪಾತ್ರೆಯಲ್ಲಿ ಮೊದಲು ಅರ್ಧ ಲೋಟ ನೀರು ಕುದಿಸಿ, ಗಂಜಿ ಹಾಕಿ ಕಡಗೋಲಿನಿಂದ ಕಡೆಯಿರಿ. ಒಂದು ಕುದಿ ಬರಲೇಬೇಕು. ಬರೀ ಉಗುರುಬೆಚ್ಚಗಾದರೆ ಪಿಷ್ಟ ಮತ್ತೆ ನೀರು ಹಿಡಿಯುವುದಿಲ್ಲ, ತರಿ ಹಾಗೇ ಉಳಿಯುತ್ತದೆ. ಮೈಕ್ರೋವೇವ್‌ನಲ್ಲಾದರೆ ನಿಮಿಷಕ್ಕೊಮ್ಮೆ ತೆಗೆದು ಕಲಕಿ.

ಉತ್ತರ 3:
ಅಕ್ಕಿ ನುಚ್ಚಿನ ಗಂಜಿಗೂ ಇದೇ ಕ್ರಮ, ಆರಿಸುವಾಗ ಇನ್ನಷ್ಟು ಎಚ್ಚರ. ಅನ್ನದಲ್ಲಿ ಬೆಳೆಯುವ ಒಂದು ಬ್ಯಾಕ್ಟೀರಿಯಾ ಬಿಡುವ ವಿಷ ಮತ್ತೆ ಕುದಿಸಿದರೂ ಹೋಗುವುದಿಲ್ಲ. ಹಾಗಾಗಿ ಕರೆಂಟ್ ಹೋಗಿ ಗಂಜಿ ಕರಗಿ ಬೆಚ್ಚಗಾಗಿ ಗಂಟೆಗಟ್ಟಲೆ ಉಳಿದಿದ್ದರೆ ಚೆಲ್ಲಿಬಿಡಿ, ಕುದಿಸಿ ಮತ್ತೆ ಫ್ರೀಜರ್‌ಗೆ ಇಡಬೇಡಿ.