ತವರಿಗೆ ಕಳುಹಿಸುವ ಮೊದಲು ಇದನ್ನು ಓದಿ

ಗುಂಪಿನ ಎಲ್ಲರಿಗೂ ನಮಸ್ಕಾರ. ಗಂಡನ ಹೊಡೆತ ತಾಳಲಾರದೆ ಇಲ್ಲಿ ಸಲಹೆ ಕೇಳಿದ ತಂಗಿಗೆ ನೀವು ಬರೆದ ಉತ್ತರಗಳನ್ನೆಲ್ಲ ಓದಿದೆ. ಮಕ್ಕಳನ್ನು ಕಟ್ಟಿಕೊಂಡು ತವರಿಗೆ ಹೋಗು, ಎರಡೂ ಕಡೆಯ ಹಿರಿಯರು ಕುಳಿತು ಬಗೆಹರಿಸಲಿ ಎಂದೇ ಹೆಚ್ಚಿನವರು ಬರೆದಿದ್ದೀರಿ. ನಿಮ್ಮ ಕಾಳಜಿಯ ಬಗ್ಗೆ ಅನುಮಾನವಿಲ್ಲ, ಆದರೆ ಈ ಸಲಹೆಯನ್ನು ನಾನು ಒಪ್ಪುವುದಿಲ್ಲ. ವರ್ಷದ ನಡುವೆ ಮಕ್ಕಳ ಶಾಲೆ ತಪ್ಪುತ್ತದೆ, ಪುಣೆಯಲ್ಲಿ ಅವಳು ಕಷ್ಟಪಟ್ಟು ಹಿಡಿದ ಕೆಲಸ ಹೋಗುತ್ತದೆ. ಹೊಡೆದವನು ಮಾತ್ರ ಅದೇ ಫ್ಲ್ಯಾಟಿನಲ್ಲಿ ಹಾಯಾಗಿರುತ್ತಾನೆ.

ಕಾನೂನು ಇದಕ್ಕೆ ತದ್ವಿರುದ್ಧವಾಗಿದೆ. 2005ರ ಕೌಟುಂಬಿಕ ದೌರ್ಜನ್ಯ ಕಾಯ್ದೆಯ ಪ್ರಕಾರ, ಸಂಸಾರ ಮಾಡಿದ ಮನೆಯಲ್ಲಿ ಇರುವ ಹಕ್ಕು ಅವಳಿಗಿದೆ. ಮನೆ ಗಂಡನ ಹೆಸರಿನಲ್ಲೇ ಇರಬೇಕೆಂದಿಲ್ಲ. ಅತ್ತೆ ಮಾವಂದಿರ ಹೆಸರಿನಲ್ಲಿದ್ದರೂ ಸೊಸೆ ಈ ಹಕ್ಕನ್ನು ಕೇಳಬಹುದು ಎಂದು ಸುಪ್ರೀಂ ಕೋರ್ಟ್ 2020ರಲ್ಲಿ ಹೇಳಿದೆ. ಮನೆಯಿಂದ ಹೊರಗೆ ಹೋಗು ಎಂದು ಮ್ಯಾಜಿಸ್ಟ್ರೇಟರು ಗಂಡನಿಗೇ ಆದೇಶಿಸಬಹುದು, ಇಲ್ಲವೇ ಅಂಥದ್ದೇ ಬೇರೆ ಮನೆಯ ಬಾಡಿಗೆ ಕಟ್ಟಲು ಹೇಳಬಹುದು. ಅವಳ ಕಚೇರಿಗೆ, ಮಕ್ಕಳ ಶಾಲೆಗೆ ಕಾಲಿಡದಂತೆ ತಡೆಯಬಹುದು. ಮಕ್ಕಳ ತಾತ್ಕಾಲಿಕ ಪಾಲನೆ, ಜೀವನಾಂಶ, ಕಸಿದುಕೊಂಡ ಒಡವೆಗಳ ವಾಪಸಾತಿ ಎಲ್ಲವನ್ನೂ ಒಂದೇ ಅರ್ಜಿಯಲ್ಲಿ ಕೇಳಬಹುದು. ಮೊದಲ ವಿಚಾರಣೆ ಸಾಮಾನ್ಯವಾಗಿ 3 ದಿನಗಳೊಳಗೆ ಆಗಬೇಕು, 60 ದಿನಗಳಲ್ಲಿ ಅರ್ಜಿ ಇತ್ಯರ್ಥಕ್ಕೆ ಬರಬೇಕು ಎಂಬುದು ಕಾಯ್ದೆಯ ಆಶಯ. ನಡೆಯುವುದು ಬೇರೆ, ತಿಂಗಳುಗಟ್ಟಲೆ ಎಳೆಯುತ್ತದೆ. ಆದ್ದರಿಂದ ಅಫಿಡವಿಟ್ (ಪ್ರಮಾಣ ಮಾಡಿ ಬರೆದ ಹೇಳಿಕೆ) ಕೊಟ್ಟು, ಅಂತಿಮ ಆದೇಶ ಬರುವವರೆಗಿನ ಮಧ್ಯಂತರ ಆದೇಶವನ್ನು ಮೊದಲ ದಿನವೇ ಕೇಳಲೇಬೇಕು.

ಇದನ್ನೆಲ್ಲ ಊರಿನ ಕೋರ್ಟಿನಲ್ಲೇ ಕೇಳಬೇಕೆಂದಿಲ್ಲ. ಹೆಣ್ಣುಮಗಳು ತಾತ್ಕಾಲಿಕವಾಗಿ ವಾಸಿಸುವ ಜಾಗದಲ್ಲೂ ಅರ್ಜಿ ಹಾಕಬಹುದು, ಬಂದ ಆದೇಶ ದೇಶವಿಡೀ ನಡೆಯುತ್ತದೆ. ಗೋವಾದಲ್ಲಿ ಕಟ್ಟಡ ಕೆಲಸಕ್ಕೆಂದು ಗದಗ, ಕೊಪ್ಪಳ, ಬಾಗಲಕೋಟೆಗಳಿಂದ ಬಂದು ಶೆಡ್ಡಿನಲ್ಲಿರುವ ನಮ್ಮ ಹೆಂಗಸರಿಗೆ ಇದು ಬಹಳ ಮುಖ್ಯ. ಮದುವೆಯಾಗದೆ ದಂಪತಿಗಳಂತೆ ಬಾಳಿದವರಿಗೂ ಈ ಕಾಯ್ದೆಯ ರಕ್ಷಣೆಯಿದೆ.

ಇನ್ನು ಶಿಕ್ಷೆಯ ಮಾತು. ಅರ್ಜಿ ಹಾಕಿದ ಮಾತ್ರಕ್ಕೆ ಯಾರೂ ಜೈಲಿಗೆ ಹೋಗುವುದಿಲ್ಲ. ರಕ್ಷಣಾ ಆದೇಶ ಬಂದ ಮೇಲೂ ಅದನ್ನು ಮೀರಿದರೆ 1 ವರ್ಷದವರೆಗೆ ಸೆರೆ, 20,000 ರೂಪಾಯಿವರೆಗೆ ದಂಡ, ಅಥವಾ ಎರಡೂ. ಇದು ಜಾಮೀನುರಹಿತ ಅಪರಾಧ. ಪೊಲೀಸ್ ಕೇಸಿನ ದಾರಿ ಪ್ರತ್ಯೇಕ. ಎಲ್ಲರಿಗೂ ಗೊತ್ತಿರುವ, ಹಳೆಯ ಭಾರತೀಯ ದಂಡ ಸಂಹಿತೆಯ 498ಎ ಕಲಂ 2024ರ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆಯ 85ನೇ ಕಲಂ ಆಗಿದೆ. ಗಂಡ ಅಥವಾ ಅವನ ಸಂಬಂಧಿಕರು ಕ್ರೌರ್ಯ ಎಸಗಿದರೆ 3 ವರ್ಷಗಳವರೆಗೆ ಸೆರೆ ಮತ್ತು ದಂಡ. ಎಲುಬು ಅಥವಾ ಹಲ್ಲು ಮುರಿದರೆ ಅದು ಘೋರ ಗಾಯ, 117ನೇ ಕಲಮಿನಡಿ 7 ವರ್ಷಗಳವರೆಗೆ ಶಿಕ್ಷೆ. ಮದುವೆಯಾಗಿ 7 ವರ್ಷಗಳೊಳಗೆ ಅಸಹಜವಾಗಿ ಸತ್ತು, ಸಾವಿಗೆ ಸ್ವಲ್ಪ ಮೊದಲು ವರದಕ್ಷಿಣೆಗಾಗಿ ಪೀಡಿಸಿದ್ದು ರುಜುವಾತಾದರೆ ಕನಿಷ್ಠ 7 ವರ್ಷ, ಗರಿಷ್ಠ ಜೀವಾವಧಿ. ಹೊಂದಿಕೊಂಡು ಹೋಗು ಎನ್ನುವವರು ಈ ಕೊನೆಯ ಕಲಂ ಏಕೆ ಬರೆಯಬೇಕಾಯಿತು ಎಂದು ಯೋಚಿಸಬೇಕು.

ಠಾಣೆಯಲ್ಲಿ ನಮ್ಮವರು ಎಡವುವುದು ಎನ್.ಸಿ.ಯಲ್ಲಿ, ಅಂದರೆ ಸಣ್ಣ ಅಪರಾಧವೆಂದು (ನಾನ್-ಕಾಗ್ನಿಜಬಲ್) ಬರೆದುಕೊಳ್ಳುವ ದೂರಿನಲ್ಲಿ. ಮುಂಬೈ, ಪುಣೆಯಲ್ಲಿ ಇದ್ದವರು ಈ ಹೆಸರು ಕೇಳಿರುತ್ತೀರಿ. ಪರಿಚಯದ ಹೆಂಗಸೊಬ್ಬರ ಜೊತೆ ಠಾಣೆಗೆ ಹೋಗಿದ್ದೆ. ಗಂಡ ಕುಕ್ಕರಿನ ಮುಚ್ಚಳದಿಂದ ಬಾರಿಸಿದ್ದ, ಹುಬ್ಬಿನ ಮೇಲೆ ಹೊಲಿಗೆ ಬಿದ್ದಿತ್ತು. ಹವಾಲ್ದಾರರು ಬರೆದುಕೊಂಡದ್ದು ಮರಾಠಿಯಲ್ಲಿ. ಸಂತೆಯಲ್ಲಿ ಚೌಕಾಸಿ ಮಾಡುವಷ್ಟು ಮರಾಠಿ ಆ ಹೆಂಗಸಿಗೆ ಬರುತ್ತಿತ್ತು, ಓದಲು ಬರುತ್ತಿರಲಿಲ್ಲ. ಸಹಿಗೆ ಪೆನ್ನು ಹಿಡಿದಿದ್ದರು. ನಾನು ಓದಿದಾಗ ಅದರಲ್ಲಿ ಮುಚ್ಚಳವೂ ಇರಲಿಲ್ಲ, ಹೊಲಿಗೆಯೂ ಇರಲಿಲ್ಲ. ಸಣ್ಣ ಜಗಳ, ತಳ್ಳಾಟ ಎಂದಷ್ಟೇ ಇತ್ತು. ಹಾಗೆ ಬರೆದರೆ ಅದು ಎನ್.ಸಿ. ಮಾತ್ರ ಆಗುತ್ತದೆ, ಮ್ಯಾಜಿಸ್ಟ್ರೇಟರ ಅನುಮತಿ ಇಲ್ಲದೆ ಪೊಲೀಸರು ತನಿಖೆ ಮಾಡುವಂತಿಲ್ಲ. ಎಷ್ಟು ವರ್ಷಗಳಿಂದ, ಯಾವುದರಿಂದ, ಎಲ್ಲಿಗೆ ಹೊಡೆದ, ಹಣಕ್ಕೆ ಪೀಡಿಸಿದನೇ ಎಂಬುದೆಲ್ಲ ಹೇಳಿಕೆಯಲ್ಲಿ ಬಂದರೆ 85ನೇ ಕಲಮಿನಡಿ ಎಫ್‌ಐಆರ್ ಆಗಬೇಕು. ಹೇಳಿಕೆಯನ್ನು ಓದಿ ಹೇಳಿ ಎಂದು ಕೇಳುವುದು ಹಕ್ಕು. ಎಫ್‌ಐಆರ್ ಪ್ರತಿ ಉಚಿತ. ಆಸ್ಪತ್ರೆಯಲ್ಲಿ "ಜಾರಿ ಬಿದ್ದೆ" ಎನ್ನಬೇಡಿ, ಆ ಚೀಟಿಯೇ ನಾಳೆ ನಿಮ್ಮ ವಿರುದ್ಧ ನಿಲ್ಲುತ್ತದೆ. ಹೊಡೆತ ಊರಿನಲ್ಲಿ ಬಿದ್ದಿದ್ದರೂ ಇಲ್ಲಿನ ಠಾಣೆ ಶೂನ್ಯ ಎಫ್‌ಐಆರ್ ದಾಖಲಿಸಿ ಅಲ್ಲಿಗೆ ಕಳುಹಿಸಬೇಕು.

ದೂರು ಕೊಟ್ಟ ರಾತ್ರಿಯೇ ಗಂಡನನ್ನು ಎಳೆದೊಯ್ಯುತ್ತಾರೆ, ಅವನ ನೌಕರಿ ಹೋಗುತ್ತದೆ, ಮಕ್ಕಳ ಗತಿಯೇನು ಎಂಬ ಭಯ ಆ ತಂಗಿಯ ಮಾತಿನಲ್ಲಿತ್ತು. ಇಂಥ ಪ್ರಕರಣಗಳಲ್ಲಿ ಯಾಂತ್ರಿಕವಾಗಿ ಬಂಧಿಸಕೂಡದು ಎಂದು ಸುಪ್ರೀಂ ಕೋರ್ಟ್ 2014ರಲ್ಲೇ ಹೇಳಿದೆ. ಸಾಮಾನ್ಯವಾಗಿ ಮೊದಲು ನೋಟಿಸ್ ಬರುತ್ತದೆ. ಬರೀ ರಕ್ಷಣೆ ಸಾಕು ಎನ್ನುವವರು ಪೊಲೀಸ್ ಕೇಸ್ ಇಲ್ಲದೆ 2005ರ ಕಾಯ್ದೆಯಡಿ ಮಾತ್ರ ಹೋಗಬಹುದು.

ವಕೀಲರ ಖರ್ಚಿಗೆ ಹೆದರಬೇಕಿಲ್ಲ. ಆದಾಯ ಎಷ್ಟೇ ಇರಲಿ, ಹೆಂಗಸರಿಗೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಿಂದ ಉಚಿತ ವಕೀಲರು ಸಿಗುತ್ತಾರೆ, ಸಹಾಯವಾಣಿ 15100. ಮಹಿಳಾ ಸಹಾಯವಾಣಿ 181, ತುರ್ತಿಗೆ 112. ಟಾಟಾ ಸಮಾಜ ವಿಜ್ಞಾನ ಸಂಸ್ಥೆ 1984ರಲ್ಲಿ ಮುಂಬೈ ಪೊಲೀಸ್ ವ್ಯವಸ್ಥೆಯೊಳಗೇ ಆರಂಭಿಸಿದ ಮಹಿಳೆ ಮತ್ತು ಮಕ್ಕಳ ವಿಶೇಷ ಘಟಕ ಇಂದು ಮಹಾರಾಷ್ಟ್ರದ ಹಲವು ಕಡೆ ಇದೆ. ಠಾಣೆಯ ಮೆಟ್ಟಿಲು ಹತ್ತಲು ಹಿಂಜರಿಯುವವರು ಮೊದಲು ಅಲ್ಲಿನ ಸಮಾಜ ಕಾರ್ಯಕರ್ತೆಯರನ್ನು ಕಾಣುವುದು ಒಳ್ಳೆಯದು. ಅಕ್ಕಪಕ್ಕದವರೂ ಸಂರಕ್ಷಣಾಧಿಕಾರಿಗೆ (2005ರ ಕಾಯ್ದೆಯಡಿ ಸರ್ಕಾರ ನೇಮಿಸುವ ಅಧಿಕಾರಿ) ಮಾಹಿತಿ ಕೊಡಬಹುದು, ಸದುದ್ದೇಶದಿಂದ ಕೊಟ್ಟವರ ಮೇಲೆ ಯಾವ ಹೊಣೆಯೂ ಬರುವುದಿಲ್ಲ.

ಒಂದು ವಿನಂತಿ. ಅವನ ಕಡೆಯವರೂ ಈ ಗುಂಪಿನಲ್ಲಿರಬಹುದು, ಆದ್ದರಿಂದ ಅವಳ ಹೆಸರು, ಬಡಾವಣೆ ಕೇಳಬೇಡಿ. ತಂಗಿ, ಠಾಣೆಗೆ ಹೋಗುವ ದಿನ ನನಗೆ ಖಾಸಗಿಯಾಗಿ ತಿಳಿಸು, ಮರಾಠಿ ಓದಿ ಹೇಳಲು ನಾನು ಬರುತ್ತೇನೆ. ಆ ದಿನ ಮಕ್ಕಳನ್ನು ಶಾಲೆಯಿಂದ ಕರೆತಂದು ಸಂಜೆಯವರೆಗೆ ನೋಡಿಕೊಳ್ಳಬಲ್ಲವರು ಯಾರಾದರೂ ಇದ್ದರೆ, ಅವರೂ ನನಗೆ ಖಾಸಗಿಯಾಗಿಯೇ ಬರೆಯಲಿ.