ಅಕಿ ಕೌರಿಸ್ಮಾಕಿ ಸಿನಿಮಾಗಳನ್ನು ಎಲ್ಲಿಂದ ಶುರು ಮಾಡಲಿ? ಇಷ್ಟು ಕಡಿಮೆ ಮಾತಲ್ಲಿ ಬರೆಯೋದು ಹೇಗೆ?

ತುಮಕೂರು_ಶಿಫ್ಟ್:
ಎಲ್ಲರಿಗೂ ನಮಸ್ಕಾರ. ನಾನು ತುಮಕೂರಿನವನು, ವಸಂತನರಸಾಪುರದಲ್ಲಿ ಫ್ಯಾಕ್ಟರಿ ಕೆಲಸ. ಬಿಡುವಾದಾಗ ಕಿರುಚಿತ್ರಕ್ಕೆ ಅಂತ ಚಿತ್ರಕಥೆ ಬರೆಯುತ್ತೇನೆ. ಮೊನ್ನೆ ಫಿನ್‌ಲ್ಯಾಂಡಿನ ಕೌರಿಸ್ಮಾಕಿಯವರ 'ಫಾಲನ್ ಲೀವ್ಸ್' ನೋಡಿದೆ. ಅವಧಿ ಮುಗಿದ ತಿಂಡಿ ಬ್ಯಾಗಲ್ಲಿ ಸಿಕ್ಕಿತು ಅಂತ ಸೂಪರ್‌ಮಾರ್ಕೆಟ್‌ನಲ್ಲಿ ಒಬ್ಬಳ ಕೆಲಸ ಹೋಗುತ್ತದೆ. ಅವಳು ಅಳುವುದಿಲ್ಲ, ಕೂಗಾಡುವುದಿಲ್ಲ. ಆದರೂ ಎದೆಗೆ ತಾಕಿತು. ನಾನು ಬರೆಯುವ ಫ್ಯಾಕ್ಟರಿ ದೃಶ್ಯಗಳಲ್ಲಿ ಎಲ್ಲರೂ ತಮ್ಮ ಕಷ್ಟವನ್ನು ಬಾಯಿಬಿಟ್ಟು ಹೇಳುತ್ತಲೇ ಇರುತ್ತಾರೆ. ಈ ಮನುಷ್ಯ ಹೀಗೆ ಬರೆಯುವುದನ್ನು ಎಲ್ಲಿ ಕಲಿತರು? ಮುಂದೆ ಯಾವುದು ನೋಡಲಿ?

ರಾಬರ್ಟ್‌ಸನ್‌ಪೇಟೆ:
'ಏರಿಯಲ್' ನೋಡಿ, 1988ರದ್ದು. ಫಿನ್‌ಲ್ಯಾಂಡಿನ ಉತ್ತರದ ಲ್ಯಾಪ್‌ಲ್ಯಾಂಡಿನಲ್ಲಿ ಒಂದು ಗಣಿ ಮುಚ್ಚುತ್ತದೆ, ಕೆಲಸ ಕಳೆದುಕೊಂಡವನು ತನ್ನ ಪಾಲಿಗೆ ಬಂದ ದೊಡ್ಡ ಕಾರು ಹತ್ತಿಕೊಂಡು, ಅದರ ಟಾಪ್ ಮುಚ್ಚುವುದು ಗೊತ್ತಿಲ್ಲದೆ ಚಳಿಯಲ್ಲೇ ದಕ್ಷಿಣಕ್ಕೆ ಹೊರಡುತ್ತಾನೆ, ಇದ್ದಬದ್ದ ದುಡ್ಡನ್ನೂ ದಾರಿಯಲ್ಲಿ ಕಿತ್ತುಕೊಳ್ಳುತ್ತಾರೆ. ನಾನು ಕೆಜಿಎಫ್‌ನವನು. 2001ರಲ್ಲಿ ನಮ್ಮ ಗಣಿ ಮುಚ್ಚಿತು. ಆಮೇಲೆ ಕತ್ತಲಲ್ಲೇ ಎದ್ದು ರೈಲು ಹಿಡಿದು ಬೆಂಗಳೂರಿಗೆ ಕೆಲಸಕ್ಕೆ ಹೋಗಿಬರುವ ಜನರ ನಡುವೆ ಬೆಳೆದವನು. ಆ ಗಣಿ ಕೆಲಸಗಾರನ ಮುಖ ನನಗೆ ಹೊಸದಲ್ಲ. ನಮ್ಮ ಮನೆಯಲ್ಲೂ ಗಣಿ ಮುಚ್ಚಿದ್ದರ ಬಗ್ಗೆ ಯಾರೂ ಜಾಸ್ತಿ ಮಾತಾಡಿದ್ದಿಲ್ಲ.

ಎಲ್ಲಿ ಕಲಿತರು ಅಂದರೆ, ಹುಟ್ಟಿದ್ದು 1957ರಲ್ಲಿ, ಒರಿಮಾಟ್ಟಿಲಾ ಅನ್ನುವ ಸಣ್ಣ ಊರಲ್ಲಿ. ಸಿನಿಮಾಗೆ ಬರುವ ಮುಂಚೆ ಕಾಗದ ಹಂಚಿದ್ದಾರೆ, ಹೋಟೆಲಲ್ಲಿ ಪಾತ್ರೆ ತೊಳೆದಿದ್ದಾರೆ. ಅಣ್ಣ ಮಿಕಾ ಕೂಡ ನಿರ್ದೇಶಕ. 1981ರಲ್ಲಿ ಅಣ್ಣನ 'ದ ಲಯರ್'ಗೆ ಜೊತೆಯಾಗಿ ಬರೆದು ತಾವೇ ನಟಿಸಿದರು. 1983ರಲ್ಲಿ ದಸ್ತಯೆವ್‌ಸ್ಕಿಯ 'ಅಪರಾಧ ಮತ್ತು ಶಿಕ್ಷೆ'ಯನ್ನು ಹೆಲ್ಸಿಂಕಿಗೆ ತಂದು ಮೊದಲ ದೊಡ್ಡ ಚಿತ್ರ ಮಾಡಿದರು. ಪಾತ್ರೆ ತೊಳೆದ ಕೈ ಅದು, ಅದಕ್ಕೇ ಕೆಲಸದವರನ್ನು ಕರುಣೆಯಿಂದಲ್ಲ, ಗೌರವದಿಂದ ನೋಡುತ್ತದೆ.

ಶಿಡ್ಲಘಟ್ಟ_ರೇಷ್ಮೆ:
ಬರವಣಿಗೆ ಕಲಿಯೋದಾದರೆ 1990ರ 'ದ ಮ್ಯಾಚ್ ಫ್ಯಾಕ್ಟರಿ ಗರ್ಲ್' ಮೊದಲು ನೋಡಿ. ಒಂದೂಕಾಲು ಗಂಟೆಯೂ ಇಲ್ಲ. ಶುರುವಲ್ಲಿ ಬರೀ ಯಂತ್ರಗಳು. ಮರದ ದಿಮ್ಮಿ ಸುಲಿದು, ಕಡ್ಡಿಯಾಗಿ, ಪೆಟ್ಟಿಗೆ ತುಂಬುವ ತನಕ ತೋರಿಸಿ ಆಮೇಲೆ ಆ ಹುಡುಗಿಯ ಕೈ, ಮುಖ. ಮಾತು ಬರುವುದು ಎಷ್ಟೋ ಹೊತ್ತಿನ ಮೇಲೆ. ನಮ್ಮೂರಲ್ಲಿ ರೀಲಿಂಗ್ ಮಾಡುವ ಹೆಂಗಸರು ಬಿಸಿ ನೀರಲ್ಲಿ ಕೈಯಿಟ್ಟು ಗೂಡಿನಿಂದ ಎಳೆ ತೆಗೆಯುವುದನ್ನು ನೋಡಿದವರಿಗೆ ಗೊತ್ತು, ಅಲ್ಲಿ ಸಂಭಾಷಣೆ ಬೇಕಾಗಿಲ್ಲ. ನೀವೂ ಫ್ಯಾಕ್ಟರಿ ದೃಶ್ಯದಲ್ಲಿ ಮೊದಲು ಕೈಗಳು ಏನು ಮಾಡುತ್ತಿವೆ ಅಂತ ಬರೆಯಿರಿ.

ಇನ್ನೊಂದು ಗಮನಿಸಿ. ಆ ಚಿತ್ರದ ಟಿವಿಯಲ್ಲಿ ಚೀನಾದ ತಿಯಾನನ್ಮೆನ್ ಚೌಕದ ಪ್ರತಿಭಟನೆಯ ಸುದ್ದಿ ಬರುತ್ತದೆ. ನೀವು ನೋಡಿದ ಚಿತ್ರದ ರೇಡಿಯೋದಲ್ಲಿ ಉಕ್ರೇನ್ ಯುದ್ಧದ ಸುದ್ದಿ. ಯಾರೂ ಅದರ ಬಗ್ಗೆ ಚರ್ಚೆ ಮಾಡುವುದಿಲ್ಲ, ಆದರೆ ಪ್ರಪಂಚ ಆ ಅಡುಗೆಮನೆಯೊಳಗೆ ಬಂದುಬಿಟ್ಟಿರುತ್ತದೆ.

ತುಮಕೂರು_ಶಿಫ್ಟ್:
ಎರಡನ್ನೂ ನೋಡುತ್ತೇನೆ, ಥ್ಯಾಂಕ್ಸ್. ಒಂದು ಡೌಟು. ಅವರ ನಟರು ಮುಖದಲ್ಲಿ ಏನನ್ನೂ ತೋರಿಸುವುದೇ ಇಲ್ಲ. ನಮ್ಮ ಕಡೆ ಹಾಗೆ ಮಾಡಿಸಿದರೆ ನಟನೆ ಬರಲ್ಲ ಅಂತಾರೆ ಅಲ್ವಾ?

ಬಂಗಾರಪೇಟೆ_ಪ್ಯಾಸೆಂಜರ್:
ಅನ್ನಲಿ ಬಿಡಿ. ಮುಖ ಸುಮ್ಮನಿದ್ದರೆ ಉಳಿದಿದ್ದೆಲ್ಲ ಕೆಲಸ ಮಾಡಬೇಕು. ಛಾಯಾಗ್ರಾಹಕ ತಿಮೊ ಸಾಲ್ಮಿನೆನ್ ಅವರ ಬೆಳಕು, ಗೋಡೆಯ ಬಣ್ಣ, ಬಾರಿನಲ್ಲಿ ಕೇಳುವ ಟ್ಯಾಂಗೋ ಹಾಡು. ಜೊತೆಗೆ ಅದೇ ನಟರು ಮತ್ತೆ ಮತ್ತೆ ಬರುತ್ತಾರೆ. ಕಾಟಿ ಔಟಿನೆನ್, ಮಾಟ್ಟಿ ಪೆಲ್ಲೊನ್‌ಪಾ. 1995ರಲ್ಲಿ ಪೆಲ್ಲೊನ್‌ಪಾ ತೀರಿಕೊಂಡರು. ಅವರಿಗಾಗಿ ಯೋಚಿಸಿದ್ದ 'ಡ್ರಿಫ್ಟಿಂಗ್ ಕ್ಲೌಡ್ಸ್' ಕಥೆಯನ್ನು ಕೌರಿಸ್ಮಾಕಿ ಔಟಿನೆನ್‌ಗೆ ಬದಲಾಯಿಸಿದರು. ಅದರಲ್ಲಿ ಗಂಡ ಹೆಂಡತಿ ಇಬ್ಬರ ಕೆಲಸವೂ ಹೋಗುತ್ತದೆ. ಅವರ ಮನೆಯಲ್ಲಿ ತೀರಿಹೋದ ಮಗುವಿನ ಫೋಟೋ ಒಂದಿದೆ. ಅದು ಪೆಲ್ಲೊನ್‌ಪಾ ಅವರ ಬಾಲ್ಯದ ಫೋಟೋ. ಔಟಿನೆನ್ ಅದನ್ನು ಸುಮ್ನೆ ನೋಡುತ್ತಾರೆ. ನಟನೆ ಬರಲ್ಲ ಅನ್ನುವವರಿಗೆ ಆ ಶಾಟ್ ತೋರಿಸಿ.

ಶುರು ಮಾಡಲು ಮಾತ್ರ ನನ್ನ ಆಯ್ಕೆ 2002ರ 'ದ ಮ್ಯಾನ್ ವಿದೌಟ್ ಎ ಪಾಸ್ಟ್'. ತಲೆಗೆ ಪೆಟ್ಟು ಬಿದ್ದು ಹೆಸರೇ ಮರೆತವನು ಕಂಟೇನರಿನಲ್ಲಿ ವಾಸ ಮಾಡುತ್ತ ಪಕ್ಕದಲ್ಲೇ ಆಲೂಗಡ್ಡೆ ಹಾಕಿಕೊಳ್ಳುತ್ತಾನೆ. ಫ್ರಾನ್ಸಿನ ಕಾನ್ ಚಿತ್ರೋತ್ಸವದಲ್ಲಿ ಗ್ರಾಂಡ್ ಪ್ರೀ ಪ್ರಶಸ್ತಿ ಬಂತು, ಆಸ್ಕರ್‌ಗೂ ನಾಮನಿರ್ದೇಶನ ಆಯಿತು. ಆದರೆ ಇರಾಕ್ ಯುದ್ಧವನ್ನು ವಿರೋಧಿಸಿ ಕೌರಿಸ್ಮಾಕಿ ಸಮಾರಂಭಕ್ಕೆ ಹೋಗಲಿಲ್ಲ. ಅದಕ್ಕೂ ಮುಂಚೆ ಇರಾನಿನ ನಿರ್ದೇಶಕ ಕಿಯರೊಸ್ತಮಿಗೆ ಅಮೆರಿಕದ ವೀಸಾ ಸಿಗಲಿಲ್ಲ ಅಂತ ನ್ಯೂಯಾರ್ಕ್ ಚಿತ್ರೋತ್ಸವಕ್ಕೂ ಹೋಗಿರಲಿಲ್ಲ. ಬರೆದಂತೆ ಬದುಕಿದವರು, ಅದಕ್ಕೆ ನನಗೆ ಅವರ ಮೇಲೆ ಪ್ರೀತಿ.

2017ರಲ್ಲಿ ಸಿನಿಮಾ ಮಾಡಿದ್ದು ಇನ್ನು ಸಾಕು ಅಂದಿದ್ದರು. 2021ರಲ್ಲಿ ಕಾರ್ಕಿಲಾ ಅನ್ನುವ ಸಣ್ಣ ಊರಿನ ಹಳೇ ಕಬ್ಬಿಣದ ಕಾರ್ಖಾನೆಯಲ್ಲಿ ಗೆಳೆಯರ ಜೊತೆ ಸೇರಿ ಕಿನೊ ಲೈಕಾ ಅಂತ ಚಿತ್ರಮಂದಿರ ತೆರೆದರು. 2023ರಲ್ಲಿ ನೀವು ನೋಡಿದ ಸಿನಿಮಾ ಬಂತು.

ನಿಮ್ಮ ಫ್ಯಾಕ್ಟರಿ ದೃಶ್ಯ ಒಂದನ್ನು ಇಲ್ಲೇ ಹಾಕಿ. ಯಾವ ಮಾತು ತೆಗೆಯಬಹುದು ಅಂತ ಕೂತು ನೋಡೋಣ.